ನೇಕಾರರಿಗೆ ಸಂದ ಬೆಳ್ಳಿಯ ಬಟ್ಟಲು

ಕೈಗಾರಿಕಾ ಕ್ರಾಂತಿಯನ್ನು ಇತಿಹಾಸದ ಪಾಠದಲ್ಲಿ ಓದುವಾಗ ನಾವು ಉಗಿಯಂತ್ರ, ನೂಲುವ ಯಂತ್ರ, ಗಿರಣಿ, ಗಣಿ ಎಂದು ಒಂದೊಂದಾಗಿ ಬಾಯಿಪಾಠ ಮಾಡುತ್ತೇವೆ. ಆ ಗಿರಣಿಯಿಂದ ಶನಿವಾರ ಮಧ್ಯಾಹ್ನ ಹೊರಗೆ ಬಂದ ಕೂಲಿಯವನು ಏನು ಮಾಡುತ್ತಿದ್ದನೆಂದು ಪರೀಕ್ಷೆಯಲ್ಲಿ ಯಾರೂ ಕೇಳುವುದಿಲ್ಲ. ಆದರೆ ಅವನ ಆಟವೂ ಇತಿಹಾಸವೇ. ಇಂಗ್ಲೆಂಡಿನ ಎಫ್. ಎ. ಕಪ್ ಎಂಬ ಕಾಲ್ಚೆಂಡಿನ ಸ್ಪರ್ಧೆಯ 1882–83ನೆಯ ಸಾಲನ್ನು ತೆಗೆದುಕೊಂಡು ಇದನ್ನು ವಿವರಿಸಲು ಇಲ್ಲಿ ಯತ್ನಿಸಿದ್ದೇನೆ.

ಮೊದಲು ಸ್ಪರ್ಧೆಯ ಸ್ವರೂಪವನ್ನು ತಿಳಿಯೋಣ. ಇಂಗ್ಲೆಂಡಿನ ಫುಟ್‌ಬಾಲ್ ಸಂಸ್ಥೆಯು 1863ರಲ್ಲಿ ಹುಟ್ಟಿತು. ಅದರ ಕಾರ್ಯದರ್ಶಿಯಾಗಿದ್ದ ಚಾರ್ಲ್ಸ್ ಆಲ್ಕಾಕ್ ಎಂಬಾತನು ತಾನು ಓದಿದ ಹ್ಯಾರೋ ಶಾಲೆಯ ಒಳಪಂದ್ಯಗಳನ್ನು ಮನಸ್ಸಿನಲ್ಲಿಟ್ಟುಕೊಂಡು, ದೇಶದ ಎಲ್ಲ ಸಂಘಗಳಿಗೂ ಒಂದು ಸ್ಪರ್ಧೆಯನ್ನು 1871ರಲ್ಲಿ ಸೂಚಿಸಿದನು. ನಿಯಮ ಬಹಳ ಸರಳ: ಚೀಟಿ ಎತ್ತಿ ಜೋಡಿಗಳನ್ನು ಗೊತ್ತುಮಾಡುವುದು, ಗೆದ್ದವರು ಮುಂದಿನ ಸುತ್ತಿಗೆ, ಸೋತವರು ಮನೆಗೆ. ಮೊದಲ ವರ್ಷ ಹೆಸರು ಕೊಟ್ಟ ಸಂಘಗಳು 15 ಮಾತ್ರ. ಹನ್ನೆರಡನೆಯ ಸಾಲಿಗೆ, ಎಂದರೆ ನಾವು ನೋಡಲಿರುವ 1882–83ಕ್ಕೆ, ಆ ಸಂಖ್ಯೆ 84ಕ್ಕೆ ಏರಿತ್ತು.

ಈ ಚೀಟಿಗೆ ಒಂದು ಗುಣವುಂಟು. ಅದು ಕುಲ, ಧನ, ವಿದ್ಯೆ ಯಾವುದನ್ನೂ ನೋಡುವುದಿಲ್ಲ. ಆ ಕಾಲದ ಇಂಗ್ಲೆಂಡಿನಲ್ಲಿ ಶ್ರೀಮಂತರ ಶಾಲೆಯಾದ ಈಟನ್ನಿನಲ್ಲಿ ಓದಿದವನೂ ಗಿರಣಿಯ ನೇಕಾರನೂ ಸರಿಸಮಾನರಾಗಿ ಎದುರುಬದುರು ನಿಲ್ಲುವ ಸ್ಥಳಗಳು ತೀರ ವಿರಳ. ಈ ಸ್ಪರ್ಧೆ ಅಂಥದೊಂದು ಸ್ಥಳವನ್ನು ಕಲ್ಪಿಸಿಕೊಟ್ಟಿತು. ಆದರೂ ಮೊದಲ ಹನ್ನೊಂದು ವರ್ಷ ಬಟ್ಟಲು ಹೋದದ್ದು ಅನುಕೂಲಸ್ಥರ ಕೈಗೇ. ವಾಂಡರರ್ಸ್, ರಾಯಲ್ ಇಂಜಿನಿಯರ್ಸ್ ಎಂಬ ಸೇನಾಧಿಕಾರಿಗಳ ತಂಡ, ಆಕ್ಸ್‌ಫರ್ಡ್ ವಿಶ್ವವಿದ್ಯಾನಿಲಯ, ಓಲ್ಡ್ ಈಟೋನಿಯನ್ಸ್, ಕ್ಲಾಪಮ್ ರೋವರ್ಸ್, ಓಲ್ಡ್ ಕಾರ್ಥೂಸಿಯನ್ಸ್ — ಎಲ್ಲವೂ ದಕ್ಷಿಣ ಇಂಗ್ಲೆಂಡಿನ ಹವ್ಯಾಸಿ ತಂಡಗಳು. ಬಾಗಿಲು ತೆರೆದಿದ್ದರೂ ಬಡವನು ಅದರೊಳಗೆ ಬಹುದೂರ ಹೋಗಲಾರದೆ ಇದ್ದುದು ಏಕೆ?

ಉತ್ತರವು ಆಟದ ಮೈದಾನದಲ್ಲಿಲ್ಲ, ಗಡಿಯಾರದಲ್ಲಿದೆ. 1850ರ ಕಾರ್ಖಾನೆ ಕಾನೂನಿನ ಫಲವಾಗಿ ಬಟ್ಟೆಗಿರಣಿಗಳಲ್ಲಿ ಶನಿವಾರ ಮಧ್ಯಾಹ್ನ ಎರಡು ಗಂಟೆಗೆ ಕೆಲಸ ಬಿಡುವ ರೂಢಿ ಬೆಳೆಯಿತು. ಉತ್ತರದ ಊರುಗಳಲ್ಲಿ ಶನಿವಾರದ ಕಾಲ್ಚೆಂಡಾಟ ಹುಲುಸಾಗಿ ಬೆಳೆದದ್ದು ಆ ಬಿಡುವಿನಿಂದಲೇ. ಆದರೆ ಆ ಬಿಡುವು ಊರ ಆಟಕ್ಕೆ ಸಾಲುತ್ತಿತ್ತೇ ಹೊರತು ದೂರದ ಲಂಡನ್ನಿಗೆ ಹೋಗಿ ಆಡುವುದಕ್ಕಲ್ಲ. ಅದಕ್ಕೆ ಗಿರಣಿಗೆ ರಜಾ ಹಾಕಬೇಕು. ರಜಾ ಎಂದರೆ ಕೂಲಿ ಖೋತಾ. ಆಟಕ್ಕೆ ಹಣ ಪಡೆಯಬಾರದೆಂಬ ಹವ್ಯಾಸಿ ಧರ್ಮವು ಕೇಳುವುದಕ್ಕೆ ಉದಾತ್ತ. ಆದರೆ ಅದನ್ನು ನಷ್ಟವಿಲ್ಲದೆ ಪಾಲಿಸಬಲ್ಲವನು ಕೂತು ಉಣ್ಣುವಷ್ಟು ಆಸ್ತಿಯುಳ್ಳವನು ಮಾತ್ರ. ಸಂಜೆ ಅಂಗಡಿಯಲ್ಲಿ ದುಡಿದು ಹಗಲು ತರಗತಿಗೆ ಬರುವ ನಮ್ಮ ಗೆಳೆಯರಿಗೆ ಈ ಮಾತನ್ನು ಬಿಡಿಸಿ ಹೇಳಬೇಕಾಗಿಲ್ಲ.

ಲ್ಯಾಂಕಷೈರಿನ ಬ್ಲ್ಯಾಕ್‌ಬರ್ನ್ ಹತ್ತಿಬಟ್ಟೆಯ ಊರು. ಅಲ್ಲಿ 1878ರಲ್ಲಿ ಬ್ಲ್ಯಾಕ್‌ಬರ್ನ್ ಒಲಿಂಪಿಕ್ ಎಂಬ ಸಣ್ಣ ಸಂಘವೊಂದು ಹುಟ್ಟಿತು. ಅದರ ನಾಯಕ ಆಲ್ಬರ್ಟ್ ವಾರ್‌ಬರ್ಟನ್ ಕೊಳಾಯಿ ಕೆಲಸದವನು. ಜೊತೆಗಾರರಲ್ಲಿ ನೇಕಾರರು, ನೂಲುವವನು, ಕಬ್ಬಿಣದ ಕಾರ್ಖಾನೆಯ ಕೆಲಸಗಾರ, ಹಲ್ಲಿನ ವೈದ್ಯನ ಸಹಾಯಕ, ಹೀಗೆ ದುಡಿದು ತಿನ್ನುವವರೇ ಇದ್ದರು. ಊರಿನ ಕಬ್ಬಿಣದ ಎರಕದ ಕಾರ್ಖಾನೆಯ ಯಜಮಾನ ಸಿಡ್ನಿ ಯೇಟ್ಸ್ ಸಂಘಕ್ಕೆ ಹಣದ ನೆರವು ನೀಡಿದನು. ಷೆಫೀಲ್ಡಿನಿಂದ ಬಂದ ಅನುಭವಿ ಆಟಗಾರ ಜಾಕ್ ಹಂಟರ್ ತಂಡಕ್ಕೆ ಶಿಕ್ಷಕನೂ ಆದನು. ದೊಡ್ಡ ಪಂದ್ಯಕ್ಕೆ ಮೊದಲು ತಂಡವನ್ನು ಬ್ಲ್ಯಾಕ್‌ಪೂಲ್ ಎಂಬ ಕಡಲತೀರದ ಊರಿಗೆ ಕರೆದೊಯ್ದು, ನಿಯಮಿತವಾದ ಊಟ, ನಡಿಗೆ, ಅಭ್ಯಾಸಗಳಲ್ಲಿ ತೊಡಗಿಸಿದರು. ಇಂದು ಇದು ಎಲ್ಲ ತಂಡಗಳ ವಾಡಿಕೆ, ಅಂದು ಹೊಸತು. ಆಟಕ್ಕೆ ಸಿದ್ಧತೆ ಮಾಡುವುದೇ ಸಭ್ಯತನವಲ್ಲವೆಂದು ಎಣಿಸುವವರೂ ಆಗ ಇದ್ದರು.

ಉಪಾಂತ್ಯ ಪಂದ್ಯದಲ್ಲಿ ಒಲಿಂಪಿಕ್ ತಂಡವು, 1881ರಲ್ಲಿ ಬಟ್ಟಲು ಗೆದ್ದಿದ್ದ ಓಲ್ಡ್ ಕಾರ್ಥೂಸಿಯನ್ಸ್ ತಂಡವನ್ನು 4–0ರಿಂದ ಸೋಲಿಸಿತು. 1883ರ ಮಾರ್ಚ್ 31ರಂದು, ಇಂದು ಕ್ರಿಕೆಟ್ಟಿಗೆ ಹೆಸರಾಗಿರುವ ಲಂಡನ್ನಿನ ಓವಲ್ ಮೈದಾನದಲ್ಲಿ ಅಂತಿಮ ಪಂದ್ಯ. ಎದುರಾಳಿ, ಹಿಂದಿನ ವರ್ಷವಷ್ಟೇ ಬಟ್ಟಲು ಗೆದ್ದಿದ್ದ ಓಲ್ಡ್ ಈಟೋನಿಯನ್ಸ್. ಅವರ ನಾಯಕ, ಮುಂದೆ ಲಾರ್ಡ್ ಪದವಿಗೆ ಬಂದ ಆರ್ಥರ್ ಕಿನ್ನೇರ್ಡ್. ಅದು ಅವನ ಒಂಬತ್ತನೆಯ ಅಂತಿಮ ಪಂದ್ಯ! ಒಲಿಂಪಿಕ್ಕಿನವರಿಗೆ ಮೊದಲನೆಯದು.

ಮೊದಲ ಗೋಲು ಈಟನ್ನಿನವರದೇ. ಹೊಡೆದವನು ಹ್ಯಾರಿ ಗುಡ್‌ಹಾರ್ಟ್. ಅವರ ಆಟದ ಬಲವೆಂದರೆ ಒಬ್ಬನೇ ಚೆಂಡನ್ನು ಕಾಲಲ್ಲಿ ನಡೆಸಿಕೊಂಡು ಎದುರಾಳಿಗಳ ನಡುವೆ ನುಗ್ಗುವುದು. ಗಿರಣಿಯವರದು ಬೇರೆ ರೀತಿ. ಚೆಂಡನ್ನು ಮೈದಾನದ ಒಂದು ಬದಿಯಿಂದ ಇನ್ನೊಂದು ಬದಿಗೆ ದೂರ ಒದ್ದು, ಜೊತೆಗಾರನಿಗೆ ಒಪ್ಪಿಸಿ ಮುಂದುವರಿಯುವುದು. ಉತ್ತರಾರ್ಧದಲ್ಲಿ ಆರ್ಥರ್ ಮ್ಯಾಥ್ಯೂಸ್ ಗೋಲು ಹೊಡೆದು ಸಮ ಮಾಡಿದನು. ಈಟನ್ನಿನ ಆರ್ಥರ್ ಡನ್ ಗಾಯಗೊಂಡು ಹೊರನಡೆದನು. ಬದಲಿ ಆಟಗಾರನನ್ನು ಇಳಿಸುವ ಪದ್ಧತಿ ಆಗ ಇಲ್ಲದ್ದರಿಂದ ಅವರು ಹತ್ತೇ ಮಂದಿ ಉಳಿದರು. ಈ ಅನುಕೂಲವನ್ನು ಮರೆಮಾಚಿ ಬರೆಯುವುದು ನ್ಯಾಯವಲ್ಲ. ಅಂತೂ 1–1ರ ಸಮದಿಂದಾಗಿ ಅರ್ಧ ಗಂಟೆ ಹೆಚ್ಚಿಗೆ ಆಡಿಸಿದರು. ಆ ಹೊತ್ತಿನಲ್ಲಿ ನೂಲುವ ಕೆಲಸದ ಜಿಮ್ಮಿ ಕಾಸ್ಟ್‌ಲಿ ಹೊಡೆದ ಗೋಲಿನಿಂದ ಒಲಿಂಪಿಕ್ 2–1ರಿಂದ ಗೆದ್ದಿತು. ಬೆಳ್ಳಿಯ ಬಟ್ಟಲು ಮೊದಲ ಬಾರಿಗೆ ಉತ್ತರದ ದುಡಿಮೆಗಾರರ ಕೈಸೇರಿತು.

ಮುಂದೆ ಆದದ್ದನ್ನೂ ಹೇಳದಿದ್ದರೆ ಪಾಠ ಅರ್ಧವಾಗುತ್ತದೆ. ಆಟಗಾರರಿಗೆ ಗುಟ್ಟಾಗಿ ಹಣ ಕೊಡುವ ವಿಷಯವು ಬಹಿರಂಗ ವಿವಾದವಾಯಿತು. 1884ರಲ್ಲಿ ಪ್ರೆಸ್ಟನ್ ಸಂಘವನ್ನು ಇದೇ ಕಾರಣಕ್ಕೆ ಸ್ಪರ್ಧೆಯಿಂದ ಹೊರಗೆ ಹಾಕಿದರು. ಉತ್ತರದ ಸಂಘಗಳು ಪ್ರತ್ಯೇಕವಾಗುವ ಬೆದರಿಕೆ ಹಾಕಿದ ಮೇಲೆ, 1885ರ ಜುಲೈಯಲ್ಲಿ ಫುಟ್‌ಬಾಲ್ ಸಂಸ್ಥೆಯು ವೃತ್ತಿ ಆಟಗಾರರಿಗೆ ಷರತ್ತುಗಳೊಡನೆ ಸಮ್ಮತಿ ನೀಡಿತು. 1882ರ ಈಟನ್ನಿನವರ ತರುವಾಯ ಯಾವ ಹವ್ಯಾಸಿ ತಂಡವೂ ಆ ಬಟ್ಟಲನ್ನು ಗೆದ್ದಿಲ್ಲ.

ಆದರೆ ದಾರಿ ತೆರೆದವರಿಗೆ ಆ ದಾರಿ ದಕ್ಕಲಿಲ್ಲ. ಸಂಬಳ ಕೊಡುವ ಕಾಲ ಬಂದಾಗ ಹೆಚ್ಚು ಕೊಡಬಲ್ಲವರೇ ಬಲಿಷ್ಠರಾದರು. ಅದೇ ಊರಿನ ಬ್ಲ್ಯಾಕ್‌ಬರ್ನ್ ರೋವರ್ಸ್ 1884, 1885, 1886ರಲ್ಲಿ ಸತತವಾಗಿ ಬಟ್ಟಲು ಗೆದ್ದಿತು. 1888ರಲ್ಲಿ ಹನ್ನೆರಡು ಸಂಘಗಳಿಂದ ಫುಟ್‌ಬಾಲ್ ಲೀಗ್ ಹುಟ್ಟಿದಾಗ ರೋವರ್ಸಿಗೆ ಸ್ಥಾನ ಸಿಕ್ಕಿತು, ಒಲಿಂಪಿಕ್ಕಿಗೆ ಸಿಗಲಿಲ್ಲ. 1889ರಲ್ಲಿ ಸಂಘವೇ ಮುಚ್ಚಿಹೋಯಿತು.

ಸಮಾನವಾದ ನಿಯಮವೊಂದಿದ್ದರೆ ಸಾಕು, ಅವಕಾಶವೂ ಸಮಾನವಾಗುತ್ತದೆಂದು ನಾವು ಸುಲಭವಾಗಿ ನಂಬುತ್ತೇವೆ. ನಿಯಮವು ಹನ್ನೆರಡು ವರ್ಷಗಳಿಂದಲೂ ಸಮಾನವಾಗಿಯೇ ಇತ್ತು. ನೇಕಾರನು ಗೆದ್ದದ್ದು ಅವನಿಗೆ ಅಭ್ಯಾಸಕ್ಕೆ ಬಿಡುವು, ಪ್ರಯಾಣಕ್ಕೆ ಖರ್ಚು, ಕಲಿಸಲು ಒಬ್ಬ ಶಿಕ್ಷಕ ದೊರೆತ ವರ್ಷ. ಕ್ರೀಡಾ ಕಪಾಟಿನ ಬಟ್ಟಲುಗಳ ಕೆಳಗೆ ಗೆದ್ದವರ ಹೆಸರನ್ನು ಮಾತ್ರ ಕೆತ್ತುತ್ತಾರೆ. ಆ ಹನ್ನೊಂದು ವರ್ಷಗಳಲ್ಲಿ ಶನಿವಾರದ ಕೂಲಿ ಬಿಡಲಾರದೆ ಊರಲ್ಲೇ ಉಳಿದ ಆಟಗಾರರ ಲೆಕ್ಕವನ್ನೂ ಇಡುವುದು ಇತಿಹಾಸದ ವಿದ್ಯಾರ್ಥಿಗಳಾದ ನಮ್ಮ ಕೆಲಸವೆಂದು ನಾನು ತಿಳಿದಿದ್ದೇನೆ.