ನಕ್ಷತ್ರದಂತೆ ಕಂಡರೂ ನಕ್ಷತ್ರವಲ್ಲ!



ಹೋದ ವರ್ಷ ತರಗತಿಯಲ್ಲಿ ಸೌರಮಂಡಲದ ಪಾಠ ಮಾಡುವಾಗ ಒಬ್ಬ ಹುಡುಗ ಕೇಳಿದ: "ಅಂಕಲ್, ಸೈನ್ಸ್ ಎಲ್ಲಾ ಸ್ಕೂಲಲ್ಲಿ ಇಂಗ್ಲಿಷಲ್ಲೇ ಇರುತ್ತೆ. 'ಕ್ಷುದ್ರಗ್ರಹ' ಅಂತ ಯಾಕೆ ಕಲೀಬೇಕು?" ಒಳ್ಳೇ ಪ್ರಶ್ನೆ. ಅವತ್ತು ನನಗೆ ಸರಿಯಾದ ಉತ್ತರ ಹೊಳೆಯಲಿಲ್ಲ. ಇವತ್ತು ಒಂದು ಕಥೆಯ ಮೂಲಕ ಹೇಳುತ್ತೇನೆ.

ಮಾರ್ಟನ್ ಸ್ಮಿತ್ ಹುಟ್ಟಿದ್ದು 1929ರಲ್ಲಿ, ನೆದರ್ಲೆಂಡ್ಸ್ ದೇಶದ ಗ್ರೋನಿಂಗನ್‌ನಲ್ಲಿ. ಅವರು ಹುಡುಗನಾಗಿದ್ದಾಗ ಎರಡನೇ ಮಹಾಯುದ್ಧ ನಡೆಯುತ್ತಿತ್ತು. ರಾತ್ರಿ ಊರಿನ ದೀಪಗಳನ್ನೆಲ್ಲ ಆರಿಸುತ್ತಿದ್ದರು. ಆ ಕತ್ತಲಲ್ಲಿ ಆಕಾಶ ಚೆನ್ನಾಗಿ ಕಾಣುತ್ತಿತ್ತು! ಮುಂದೆ ಲೈಡನ್‌ನಲ್ಲಿ ಯಾನ್ ಊರ್ಟ್ ಎಂಬ ದೊಡ್ಡ ವಿಜ್ಞಾನಿಯ ಶಿಷ್ಯರಾಗಿ ಓದಿ, 1959ರಲ್ಲಿ ಅಮೆರಿಕದ ಕ್ಯಾಲ್‌ಟೆಕ್‌ಗೆ ಬಂದರು.

ಆಗ ಖಗೋಳ ವಿಜ್ಞಾನಿಗಳಿಗೆ ಒಂದು ಒಗಟು ಕಾಡುತ್ತಿತ್ತು. ರೇಡಿಯೋ ಅಲೆಗಳನ್ನು ಜೋರಾಗಿ ಕಳಿಸುವ ಕೆಲವು ವಸ್ತುಗಳು ದೂರದರ್ಶಕದಲ್ಲಿ ಬರೀ ನಕ್ಷತ್ರದ ಹಾಗೆ ಕಾಣುತ್ತಿದ್ದವು. ಅದರಲ್ಲೊಂದು 3ಸಿ 273. ಸ್ಮಿತ್ ಪಾಲೊಮಾರ್ ಬೆಟ್ಟದ 200 ಇಂಚಿನ ದೂರದರ್ಶಕದಿಂದ ಅದರ ಬೆಳಕನ್ನು ಬಣ್ಣಗಳಾಗಿ ಬಿಡಿಸಿ ನೋಡಿದರು. ಪ್ರತಿ ಧಾತುವಿಗೂ ತನ್ನದೇ ಗೆರೆಗಳಿರುತ್ತವೆ, ನಮ್ಮ ಬೆರಳಚ್ಚಿನ ಹಾಗೆ. ಆದರೆ ಇಲ್ಲಿನ ಗೆರೆಗಳು ಯಾವ ಧಾತುವಿಗೂ ಹೊಂದಲಿಲ್ಲ.

1963ರ ಫೆಬ್ರವರಿ 5ರಂದು ಅವರಿಗೆ ಥಟ್ಟನೆ ಹೊಳೆಯಿತು. ನೀವೂ ಲೆಕ್ಕ ಮಾಡಿ ನೋಡಿ. ಹೈಡ್ರೋಜನ್‌ನ ಮೂರು ಗೆರೆಗಳ ತರಂಗಾಂತರ 486, 434, 410 ನ್ಯಾನೋಮೀಟರ್. 3ಸಿ 273ರಲ್ಲಿ ಕಂಡದ್ದು 563, 503, 475. ಕ್ಯಾಲ್ಕ್ಯುಲೇಟರ್ ತಗೊಂಡು 563ನ್ನು 486ರಿಂದ ಭಾಗಿಸಿ. ಹಾಗೇ ಉಳಿದೆರಡು ಜೋಡಿಗಳನ್ನೂ ಭಾಗಿಸಿ. ಮೂರಕ್ಕೂ ಸುಮಾರು 1.16 ಬಂತಲ್ವಾ? ಅಂದರೆ ಅದು ನಮ್ಮ ಪರಿಚಯದ ಹೈಡ್ರೋಜನ್ನೇ! ಗೆರೆಗಳು ಜಾಗ ಬದಲಾಯಿಸಿವೆ, ಅಷ್ಟೇ.

ಯಾಕೆ ಹೀಗೆ? ಒಂದು ರಬ್ಬರ್ ಬ್ಯಾಂಡ್ ಮೇಲೆ ಮೂರು ಚುಕ್ಕೆ ಇಟ್ಟು ಎಳೆಯಿರಿ. ಚುಕ್ಕೆಗಳ ನಡುವಿನ ಅಂತರಗಳೆಲ್ಲ ಒಂದೇ ಪ್ರಮಾಣದಲ್ಲಿ ಹಿಗ್ಗುತ್ತವೆ. ವಿಶ್ವ ಹಿಗ್ಗುತ್ತಿರುವುದರಿಂದ ದೂರದ ಬೆಳಕಿನ ಅಲೆಗಳೂ ಹೀಗೇ ಹಿಗ್ಗಿ ಕೆಂಪಿನ ಕಡೆ ಸರಿಯುತ್ತವೆ. ಇದೇ ಕೆಂಪು ಪಲ್ಲಟ. ಇದರಿಂದ ಗೊತ್ತಾಗಿದ್ದು: ಆ "ನಕ್ಷತ್ರ" ಇರುವುದು ಸುಮಾರು 240 ಕೋಟಿ ಜ್ಯೋತಿರ್ವರ್ಷ ದೂರದಲ್ಲಿ! ಆ ಬೆಳಕು ಹೊರಟಾಗ ಭೂಮಿಯ ಮೇಲೆ ಪ್ರಾಣಿಗಳೇ ಇರಲಿಲ್ಲ. ಅದು ಒಂದು ಗೆಲಾಕ್ಸಿಯ ನಡುಭಾಗ. ಅಲ್ಲಿರುವ ದೈತ್ಯ ಕಪ್ಪುಕುಳಿಯೊಳಕ್ಕೆ ಬೀಳುವ ಅನಿಲ ಕಾದು ಅಷ್ಟು ಬೆಳಗುತ್ತದೆ. ಇಂಥವಕ್ಕೆ ಕ್ವೇಸಾರ್ ಎಂದು ಹೆಸರಾಯಿತು. ಈ ಕೆಲಸಕ್ಕಾಗಿ 2008ರಲ್ಲಿ ಸ್ಮಿತ್ ಅವರಿಗೆ ಕಾವ್ಲಿ ಪ್ರಶಸ್ತಿ ಬಂತು. 2022ರಲ್ಲಿ ತೀರಿಕೊಂಡರು. ಮಂಗಳ ಮತ್ತು ಗುರುಗ್ರಹದ ನಡುವೆ ಸುತ್ತುವ ಒಂದು ಕ್ಷುದ್ರಗ್ರಹಕ್ಕೆ, ಸಂಖ್ಯೆ 10430, ಅವರ ಹೆಸರಿಟ್ಟಿದ್ದಾರೆ: ಮಾರ್ಟ್‌ಸ್ಮಿತ್.

ಈಗ ಆ ಹುಡುಗನ ಪ್ರಶ್ನೆಗೆ ಬರೋಣ. "ಕ್ವೇಸಾರ್" ಎಂದರೆ ಮೂಲದಲ್ಲಿ "ನಕ್ಷತ್ರದಂಥದ್ದು". 1802ರಲ್ಲಿ ವಿಲಿಯಂ ಹರ್ಷೆಲ್ ಬಳಸಿದ "ಆಸ್ಟರಾಯ್ಡ್" ಪದದ ಅರ್ಥವೂ "ನಕ್ಷತ್ರದಂಥದ್ದು"! ಒಂದು ನಮ್ಮ ಸೌರಮಂಡಲದ ಕಲ್ಲು, ಇನ್ನೊಂದು ಕೋಟ್ಯಂತರ ಜ್ಯೋತಿರ್ವರ್ಷ ದೂರದ ಬೆಂಕಿ. ಎರಡೂ ನಕ್ಷತ್ರವಲ್ಲ. ಹೆಸರುಗಳು ಹೇಳುವುದು ಅವು ಹೇಗೆ ಕಂಡವು ಅಂತ ಮಾತ್ರ. ನಮ್ಮ ಪದ ನೋಡಿ: ಕ್ಷುದ್ರ ಎಂದರೆ ಸಣ್ಣದು, ಕ್ಷುದ್ರಗ್ರಹ, ಸಣ್ಣ ಗ್ರಹ. ಅದು ಏನು ಅಂತಲೇ ಹೇಳುತ್ತದೆ! ಕ್ವೇಸಾರ್ ಪದವನ್ನು ನಾವು ಹಾಗೇ ಎರವಲು ತಂದಿದ್ದೇವೆ, ಅದರಲ್ಲಿ ತಪ್ಪೇನಿಲ್ಲ. ಎರಡು ಭಾಷೆ ಗೊತ್ತಿದ್ದರೆ ಒಂದೇ ವಸ್ತುವನ್ನು ಎರಡು ಕಡೆಯಿಂದ ನೋಡಬಹುದು. ಅದಕ್ಕೇ ಕಲೀಬೇಕು, ಮರಿ.

ಪೋಷಕರಿಗೊಂದು ಮಾತು: 3ಸಿ 273 ಕನ್ಯಾ ರಾಶಿಯಲ್ಲಿದೆ. ಮೇ ತಿಂಗಳ ಕತ್ತಲ ರಾತ್ರಿ, 8 ಇಂಚಿನ ದೂರದರ್ಶಕವಿದ್ದರೆ ಮಸುಕಾದ ಚುಕ್ಕೆಯಾಗಿ ಕಾಣುತ್ತದೆ. ಮಕ್ಕಳ ಜೊತೆ ಹುಡುಕಿ. ಸಿಕ್ಕಿದರೆ, ಅದರ ಬಗ್ಗೆ ಕನ್ನಡದಲ್ಲೇ ಮಾತಾಡಿ.