ಮಕ್ಕಳ ಹೆಸರಿನ ಅರ್ಥವನ್ನು ಶೋಧಿಸುವ ಕ್ರಮ

ಮಗುವಿಗೆ ಹೆಸರನ್ನು ಆರಿಸುವಾಗ ತಂದೆತಾಯಿಗಳು ಅದರ ಅರ್ಥವೇನೆಂದು ವಿಚಾರಿಸುವದು ಒಳ್ಳೇ ವಾಡಿಕೆಯು. ಆದರೆ ಹೇಳಲ್ಪಟ್ಟ ಅರ್ಥವು ನಿಜವೋ ಎಂದು ವಿಚಾರಿಸುವವರು ಸ್ವಲ್ಪ ಮಂದಿ. ನೆರೆಯವರು ಹೇಳಿದ್ದೂ ಹೆಸರುಗಳ ಪುಸ್ತಕದಲ್ಲಿ ಅಚ್ಚಾದದ್ದೂ ಇಂಪಾಗಿದ್ದರೆ ಸಾಕು, ನಂಬಿಬಿಡುತ್ತಾರೆ. ಮಗುವು ದೊಡ್ಡದಾಗಿ ತನ್ನ ಹೆಸರಿನ ಅರ್ಥವನ್ನು ಕೇಳುವದು. ಆಗ ಅದಕ್ಕೆ ಸುಳ್ಳನ್ನು ಹೇಳದ ಹಾಗೆ ನಾವು ಈಗಲೇ ಶೋಧಿಸಬೇಕು. ಇದಕ್ಕೆ ಮೂರು ಪ್ರಶ್ನೆಗಳು ಸಾಕು.

1. ಹೆಸರು ಯಾವ ಭಾಷೆಯದು? ಎರಡು ಶಬ್ದಗಳು ಕಿವಿಗೆ ಒಂದೇ ಆಗಿ ಕೇಳಿಸಿದ ಮಾತ್ರಕ್ಕೆ ಅವುಗಳ ಮೂಲವು ಒಂದೇ ಅಲ್ಲ. ಲೂಕನ ಸುವಾರ್ತೆಯ 2ನೇ ಅಧ್ಯಾಯದಲ್ಲಿ ಹೇಳಿದ ಅನ್ನಳೆಂಬ ಪ್ರವಾದಿನಿಯ ಹೆಸರಿಗೂ ನಾವು ಉಣ್ಣುವ ಅನ್ನಕ್ಕೂ ಸಂಬಂಧವೇ ಇಲ್ಲ. ಅದು ಇಬ್ರಿಯ ಭಾಷೆಯ ಹನ್ನ ಎಂಬ ಹೆಸರು, ಅರ್ಥವು ಕೃಪೆ. ನೊವೊಮಿಯು ಬೇತ್ಲೆಹೇಮಿಗೆ ತಿರಿಗಿ ಬಂದಾಗ ತನ್ನನ್ನು ಮಾರಾ ಎಂದು ಕರೆಯಬೇಕೆಂದು ಹೇಳಿಕೊಂಡಳು. ಇಬ್ರಿಯದಲ್ಲಿ ಅದು ಕಹಿ; ಸಂಸ್ಕೃತದಲ್ಲಿಯಾದರೋ ಮಾರನೆಂದರೆ ಮನ್ಮಥನು.

2. ಹೆಸರು ಮೊತ್ತಮೊದಲು ಎಲ್ಲಿ ಕಾಣುತ್ತದೆ? ವೆನೆಸ್ಸಾ ಎಂಬದು ಗ್ರೀಕ್ ಭಾಷೆಯಲ್ಲಿ ಚಿಟ್ಟೆ ಎಂದು ಹೆಸರುಗಳ ಪುಸ್ತಕಗಳು ಹೇಳುವದುಂಟು. ಇದು ನಿಜವಲ್ಲ. ಐರ್ಲೆಂಡಿನ ಗ್ರಂಥಕರ್ತನಾದ ಜೊನಾಥನ್ ಸ್ವಿಫ್ಟನು ತನ್ನ ಸ್ನೇಹಿತೆಯಾದ ಎಸ್ತರ್ ಎಂಬವಳ ಕುಲನಾಮದ ಮೊದಲಿನ ಅಕ್ಷರಗಳಿಗೆ ಅವಳ ಹೆಸರಿನ ಕಿರುರೂಪವನ್ನು ಸೇರಿಸಿ ಇದನ್ನು ಕಟ್ಟಿದನು. ಈ ಹೆಸರುಳ್ಳ ಅವನ ಪದ್ಯವು 1726ರಲ್ಲಿ ಅಚ್ಚಾಯಿತು. ಫಾಬ್ರಿಸಿಯಸ್ ಎಂಬ ವಿದ್ವಾಂಸನು ಚಿಟ್ಟೆಗಳ ಒಂದು ಕುಲಕ್ಕೆ ಈ ಹೆಸರನ್ನಿಟ್ಟದ್ದು 1807ರಲ್ಲಿ. ಹೀಗಿರಲಾಗಿ ಹೆಂಗಸಿನ ಹೆಸರು ಮೊದಲಿನದು, ಚಿಟ್ಟೆಯ ಹೆಸರು ತರುವಾಯದ್ದು.

3. ಆ ಭಾಷೆಯನ್ನು ಬಲ್ಲವರು ಏನು ಹೇಳುತ್ತಾರೆ? ಕನ್ನಡದ ಹೆಸರಾದರೆ 1894ರಲ್ಲಿ ಮಂಗಳೂರಿನಲ್ಲಿ ಪ್ರಕಟವಾದ ಕಿಟ್ಟೆಲ್ ಪಂಡಿತರ ನಿಘಂಟನ್ನು ತೆರೆದು ನೋಡಬಹುದು. ಸಿರಿ ಎಂಬದು ಅಚ್ಚಗನ್ನಡವೆಂದು ತೋರಿದರೂ ಸಂಸ್ಕೃತದ ಶ್ರೀ ಶಬ್ದದ ತದ್ಭವವೆಂಬದು ಇಂಥ ನಿಘಂಟಿನಿಂದ ತಿಳಿಯುವದು. ಸತ್ಯವೇದದ ಹೆಸರಾದರೆ ಇಬ್ರಿಯವನ್ನೂ ಗ್ರೀಕನ್ನೂ ಕಲಿತ ಸಭಾಪಾಲಕರನ್ನು ಕೇಳಿರಿ.

ಇಲ್ಲಿ ಒಂದು ಸಂದೇಹವು ಹುಟ್ಟಬಹುದು. ಹನ್ನಳು ಮಗನನ್ನು ಯೆಹೋವನಿಂದ ಬೇಡಿ ಪಡೆದದ್ದರಿಂದ ಸಮುವೇಲನೆಂದು ಹೆಸರಿಟ್ಟಳೆಂದು 1 ಸಮುವೇಲ 1:20ರಲ್ಲಿ ಓದುತ್ತೇವೆ. ಆದರೆ ಬೇಡು ಎಂಬ ಅರ್ಥದ ಇಬ್ರಿಯ ಧಾತುವು ಸ್ಪಷ್ಟವಾಗಿ ಕಾಣುವದು ಸೌಲನ ಹೆಸರಿನಲ್ಲಿ. ಸಮುವೇಲ ಎಂಬದು ದೇವರ ಹೆಸರು ಎಂಬರ್ಥದ್ದೆಂದು ಅನೇಕ ಪಂಡಿತರು ವಿವರಿಸುತ್ತಾರೆ. ಹಾಗಾದರೆ ಹನ್ನಳ ಮಾತು ಸುಳ್ಳೋ? ಅಲ್ಲ. ತಾಯಿಯು ತಾನು ಹೆಸರಿಟ್ಟ ಕಾರಣವನ್ನು ಹೇಳಿದಳು. ಪಂಡಿತರು ಶಬ್ದದ ಕಟ್ಟೋಣವನ್ನು ಹೇಳುತ್ತಾರೆ. ಇವು ಎರಡು ಬೇರೆ ಸಂಗತಿಗಳು.

ಆದಕಾರಣ ಇಟ್ಟ ಹೆಸರಿನ ಅರ್ಥವು ಬೇರೆಯೆಂದು ತಿಳಿದುಬಂದರೆ ಯಾರೂ ದುಃಖಪಡಬೇಕಾಗಿಲ್ಲ, ಹೆಸರನ್ನು ಬದಲಿಸಬೇಕಾಗಿಯೂ ಇಲ್ಲ. ತಪ್ಪಾದ ಅರ್ಥವನ್ನು ಮಾತ್ರ ಬಿಟ್ಟುಬಿಟ್ಟು, ಯಾರ ನೆನಪಿಗಾಗಿ, ಯಾವ ಕಷ್ಟ ಅಥವಾ ಸಂತೋಷದ ದಿನದಲ್ಲಿ ಆ ಹೆಸರನ್ನು ಆರಿಸಿದಿರೆಂದು ಮಗುವಿಗೆ ತಿಳಿಸಿರಿ. ಅದನ್ನು ಯಾವ ನಿಘಂಟೂ ಹೇಳಲಾರದು, ನೀವೇ ಹೇಳಬೇಕು.