ಪೆನ್‌ಡ್ರೈವಿನಿಂದ ಹರಡುವ ಶಾರ್ಟ್‌ಕಟ್ ವೈರಸ್ ಮತ್ತು ಅದರ ಹತೋಟಿ

ಪಹಣಿ, ಬ್ಯಾಂಕ್ ಪಾಸ್‌ಪುಸ್ತಕದ ಪ್ರತಿ, ಬೆಳೆವಿಮೆಯ ಕಾಗದ, ಡೇರಿಯ ಹಾಲಿನ ಲೆಕ್ಕ, ಮಕ್ಕಳ ಅಂಕಪಟ್ಟಿ, ಇವೆಲ್ಲವನ್ನೂ ಒಂದೇ ಪೆನ್‌ಡ್ರೈವಿನಲ್ಲಿ ತುಂಬಿಕೊಂಡು ಪೇಟೆಯ ಸೈಬರ್ ಸೆಂಟರಿಗೋ ಜೆರಾಕ್ಸ್ ಅಂಗಡಿಗೋ ಹೋಗಿ ಮುದ್ರಿಸಿಕೊಂಡು ಬರುವುದು ರೂಢಿ. ಹೀಗೆ ಹೋಗಿಬಂದ ಪೆನ್‌ಡ್ರೈವನ್ನು ಮನೆಯ ಗಣಕಯಂತ್ರಕ್ಕೆ ಹಾಕಿದಾಗ ಕಡತಗಳ ಜಾಗದಲ್ಲಿ ಬರೀ ಶಾರ್ಟ್‌ಕಟ್‌ಗಳು ಕಾಣುವುದುಂಟು. ಎಲ್ಲವೂ ಹಾಳಾಯಿತೆಂದು ಗಾಬರಿಗೊಂಡು ಕೂಡಲೇ ಫಾರ್ಮ್ಯಾಟ್ ಮಾಡಿಬಿಡುವವರಿದ್ದಾರೆ. ಸಾಮಾನ್ಯವಾಗಿ ಈ ಹಂತದಲ್ಲಿ ಕಡತಗಳು ಹಾಳಾಗಿರುವುದಿಲ್ಲ, ಅಡಗಿರುತ್ತವೆ ಅಷ್ಟೆ. ಅವಸರದ ಫಾರ್ಮ್ಯಾಟಿನಿಂದಲೇ ಅವು ನಿಜವಾಗಿ ಕೈತಪ್ಪುತ್ತವೆ.

ಹರಡುವ ಬಗೆ

ರೂಢಿಯಲ್ಲಿ ಇದನ್ನು ವೈರಸ್ ಎಂದರೂ ತಜ್ಞರು ಇದನ್ನು ವರ್ಮ್, ಅಂದರೆ ಹುಳು, ಎಂಬ ಗುಂಪಿಗೆ ಸೇರಿಸುತ್ತಾರೆ. ಸೋಂಕು ತಗುಲಿದ ಯಂತ್ರಕ್ಕೆ ಪೆನ್‌ಡ್ರೈವ್ ಹಾಕಿದ ಕೆಲವೇ ಕ್ಷಣಗಳಲ್ಲಿ ಅದು ಅದರಲ್ಲಿರುವ ಫೋಲ್ಡರುಗಳನ್ನು ಅಡಗಿಸಿ, ಅದೇ ಹೆಸರಿನ ಶಾರ್ಟ್‌ಕಟ್‌ಗಳನ್ನು ಇಡುತ್ತದೆ. ಕೆಲವು ಬಗೆಗಳಲ್ಲಿ ಎಲ್ಲ ಕಡತಗಳೂ ಹೆಸರೇ ಇಲ್ಲದ ಒಂದು ಗುಪ್ತ ಫೋಲ್ಡರಿಗೆ ಸೇರಿಹೋಗುತ್ತವೆ. ಇಷ್ಟರಿಂದ ಮನೆಯ ಯಂತ್ರಕ್ಕೆ ಏನೂ ಆಗದು. ಮನೆಯವರು ಆ ಶಾರ್ಟ್‌ಕಟ್ಟನ್ನು ಒತ್ತಿದಾಗಲೇ ಹುಳು ಒಳಹೊಗುವುದು. ಒತ್ತಿದೊಡನೆ ನಿಜವಾದ ಫೋಲ್ಡರನ್ನೂ ಅದು ತೆರೆದು ತೋರಿಸುವುದರಿಂದ ಯಾರಿಗೂ ಸಂಶಯ ಬರುವುದಿಲ್ಲ. ಮುಂದೆ ಯಂತ್ರ ಚಾಲೂ ಮಾಡಿದಾಗಲೆಲ್ಲಾ ತಾನೂ ಚಾಲೂ ಆಗುವಂತೆ ವ್ಯವಸ್ಥೆ ಮಾಡಿಕೊಂಡು, ಆ ಯಂತ್ರಕ್ಕೆ ಬರುವ ಪ್ರತಿ ಪೆನ್‌ಡ್ರೈವಿಗೂ ಅಂಟುತ್ತದೆ. ಇಂತಹ ಹುಳುಗಳು ಹೊರಗಿನಿಂದ ಬೇರೆ ಕುತಂತ್ರಾಂಶಗಳನ್ನು ತಂದುಕೊಂಡು, ಬ್ಯಾಂಕಿನ ಗುಪ್ತಪದ ಕದಿಯಲೂ ದಾರಿ ಮಾಡಿಕೊಡಬಲ್ಲವು.

ಲಕ್ಷಣಗಳು

ಶಾರ್ಟ್‌ಕಟ್ಟಿನ ಚಿತ್ರದ ಎಡಗಡೆಯ ಕೆಳಮೂಲೆಯಲ್ಲಿ ಬಾಗಿದ ಸಣ್ಣ ಬಾಣದ ಗುರುತಿರುತ್ತದೆ. ‘ಡೀಟೇಲ್ಸ್’ ನೋಟದಲ್ಲಿ ಅದರ ಗಾತ್ರ ಸಾಮಾನ್ಯವಾಗಿ 1 ಅಥವಾ 2 ಕೆಬಿ ಎಂದಿರುತ್ತದೆ. ನೂರಾರು ಫೋಟೋಗಳಿದ್ದ ಫೋಲ್ಡರು ಹೀಗೆ ಕಂಡರೆ ಒತ್ತಕೂಡದು.

ಯಂತ್ರ ನಿಧಾನವಾದ ಮಾತ್ರಕ್ಕೆ ವೈರಸ್ ಎಂದು ತೀರ್ಮಾನಿಸುವುದು ಸರಿಯಲ್ಲ. ಎಲೆ ಹಳದಿಯಾದುದಕ್ಕೆಲ್ಲಾ ಯೂರಿಯಾ ಎರಚಿದಂತಾದೀತು. ಡಿಸ್ಕ್ ಭರ್ತಿಯಾಗಿರುವುದು, ಒಳಗೆ ಧೂಳು ಕೂತಿರುವುದು, ಪದೇಪದೇ ಕರೆಂಟು ಹೋಗಿ ಡಿಸ್ಕಿಗೆ ಪೆಟ್ಟಾಗಿರುವುದು, ಇವೂ ಅದೇ ಲಕ್ಷಣ ತೋರಿಸುತ್ತವೆ. ಸಂಶಯ ನಿವಾರಣೆಗೆ ಒಂದು ಸುಲಭ ಪರೀಕ್ಷೆಯಿದೆ. ಬೇರೆ ಕಡೆ ಶುದ್ಧವಾಗಿ ಫಾರ್ಮ್ಯಾಟ್ ಮಾಡಿದ ಪೆನ್‌ಡ್ರೈವಿನಲ್ಲಿ ಬೇಡವಾದ ಒಂದೆರಡು ಫೋಲ್ಡರು, ಕಡತ ಹಾಕಿ ಸಂಶಯವಿರುವ ಯಂತ್ರಕ್ಕೆ ಚುಚ್ಚಬೇಕು. ತೆಗೆದು ಮತ್ತೆ ಚುಚ್ಚಿದಾಗ ಅವು ಶಾರ್ಟ್‌ಕಟ್ ಆಗಿದ್ದರೆ ಯಂತ್ರಕ್ಕೆ ಸೋಂಕಿರುವುದು ಖಚಿತ. ನಂಜುರೋಗ ಪತ್ತೆಗೆ ಸೂಚಕ ಸಸ್ಯ ಬಳಸುವಂತೆಯೇ ಇದು. ಪರೀಕ್ಷೆಯ ಪೆನ್‌ಡ್ರೈವನ್ನು ಬೇರೆ ಯಂತ್ರಕ್ಕೆ ಮಾತ್ರ ಹಾಕಬಾರದು.

ನಿವಾರಣೆ

ಇಲ್ಲಿ ಅನುಕ್ರಮವೇ ಮುಖ್ಯ. ಮೊದಲು ಯಂತ್ರ, ಆಮೇಲೆ ಪೆನ್‌ಡ್ರೈವ್. ಪೆನ್‌ಡ್ರೈವನ್ನು ಎಷ್ಟು ಸಲ ಶುದ್ಧ ಮಾಡಿದರೂ ಯಂತ್ರದಲ್ಲಿ ಮೂಲವಿದ್ದರೆ ಅದು ಮತ್ತೆ ಅಂಟುತ್ತದೆ. ವರ್ಷಗಟ್ಟಲೆ ಇದರ ಕಾಟ ಅನುಭವಿಸುವವರ ಮನೆಯಲ್ಲಿ ಆಗುತ್ತಿರುವುದೇ ಇದು.

ಎಲ್ಲ ಪೆನ್‌ಡ್ರೈವುಗಳನ್ನೂ ಹೊರತೆಗೆಯಬೇಕು. ವಿಂಡೋಸ್ 10 ಮತ್ತು 11ರಲ್ಲಿ ಡಿಫೆಂಡರ್ ಎಂಬ ರಕ್ಷಣಾ ತಂತ್ರಾಂಶ ಜೊತೆಯಲ್ಲೇ ಬರುವುದರಿಂದ ಹಣ ಕೊಟ್ಟು ಬೇರೆ ಕೊಳ್ಳಲೇಬೇಕೆಂದಿಲ್ಲ. ‘ವಿಂಡೋಸ್ ಸೆಕ್ಯುರಿಟಿ’ ತೆರೆದು, ಅಂತರ್ಜಾಲ ಇರುವಾಗಲೇ ವೈರಸ್‌ಗಳ ಪಟ್ಟಿಯನ್ನು ನವೀಕರಿಸಿಕೊಂಡು, ನಂತರ ಸಂಪರ್ಕ ಕಡಿಯಬೇಕು. ‘ಎಕ್ಸ್‌ಕ್ಲೂಷನ್ಸ್’ ಪಟ್ಟಿಯನ್ನೂ ನೋಡುವುದು ಒಳ್ಳೆಯದು. ತಪಾಸಣೆಯಿಂದ ತಪ್ಪಿಸಿಕೊಳ್ಳಲು ಕೆಲವು ಕುತಂತ್ರಾಂಶಗಳು ತಮ್ಮ ಹೆಸರನ್ನು ಅಲ್ಲಿ ಸೇರಿಸಿಕೊಂಡಿರುತ್ತವೆ. ಮನೆಯವರು ಸೇರಿಸದ ಹೆಸರುಗಳನ್ನು ತೆಗೆದುಹಾಕಬೇಕು.

ಬಳಿಕ ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಗುಂಡಿಗಳನ್ನು ಒಟ್ಟಿಗೆ ಒತ್ತಿ ‘ಟಾಸ್ಕ್ ಮ್ಯಾನೇಜರ್’ ತೆರೆಯಬೇಕು. ಯಾವ ಕೆಲಸವೂ ನಡೆಯದಿರುವಾಗ ‘ವಿಂಡೋಸ್ ಬೇಸ್ಡ್ ಸ್ಕ್ರಿಪ್ಟ್ ಹೋಸ್ಟ್’ ಓಡುತ್ತಿದ್ದರೆ ಅದು ಸಂಶಯಾಸ್ಪದ. ಅದನ್ನು ‘ಎಂಡ್ ಟಾಸ್ಕ್’ ಮಾಡಿದರೆ ಸಾಕು, ಅಳಿಸಕೂಡದು. ಅದು ವಿಂಡೋಸಿನದೇ ಸಾಧನ, ಹುಳು ಅದನ್ನು ಬಳಸಿಕೊಳ್ಳುತ್ತಿದೆ. ‘ಸ್ಟಾರ್ಟಪ್’ ಪಟ್ಟಿಯಲ್ಲಿ ಅದೇ ಸ್ಕ್ರಿಪ್ಟ್ ಹೋಸ್ಟ್ ಅಥವಾ ಗುರುತೇ ಇಲ್ಲದ ವಿಚಿತ್ರ ಹೆಸರು ಕಂಡರೆ ‘ಡಿಸೇಬಲ್’ ಮಾಡಬೇಕು.

ಅನಂತರ ‘ಸ್ಕ್ಯಾನ್ ಆಪ್ಷನ್ಸ್’ನಲ್ಲಿ ‘ಆಫ್‌ಲೈನ್ ಸ್ಕ್ಯಾನ್’ ಆರಿಸಬೇಕು. ಯಂತ್ರ ತಾನಾಗಿ ಮರುಚಾಲೂ ಆಗಿ, ವಿಂಡೋಸ್ ಪೂರ್ತಿ ಏಳುವ ಮುನ್ನವೇ ತಪಾಸಣೆ ನಡೆಸುತ್ತದೆ. ಹುಳು ಎಚ್ಚರಗೊಳ್ಳದಿರುವಾಗ ಹಿಡಿಯುವ ವಿಧಾನವಿದು. ಸುಮಾರು 15 ನಿಮಿಷ ಹಿಡಿಯುತ್ತದೆಯಾದ್ದರಿಂದ ಕರೆಂಟು ಹೋಗದ ಹೊತ್ತು ನೋಡಿಕೊಳ್ಳಬೇಕು. ಇದಾದ ಮೇಲೆ ‘ಫುಲ್ ಸ್ಕ್ಯಾನ್’ ಮಾಡತಕ್ಕದ್ದು. ಇದಕ್ಕೆ ಗಂಟೆಗಳೇ ಬೇಕಾಗಬಹುದು. ಕೊನೆಗೆ ಮೇಲೆ ಹೇಳಿದ ಪೆನ್‌ಡ್ರೈವ್ ಪರೀಕ್ಷೆಯನ್ನು ಹೊಸದಾಗಿ ಫಾರ್ಮ್ಯಾಟ್ ಮಾಡಿದ ಪೆನ್‌ಡ್ರೈವಿನಿಂದ ಇನ್ನೊಮ್ಮೆ ನಡೆಸಬೇಕು. ಆಗಲೂ ಶಾರ್ಟ್‌ಕಟ್ ಮೂಡಿದರೆ, ಬೇಕಾದ ಕಡತಗಳ ಪ್ರತಿ ತೆಗೆದಿಟ್ಟು ವಿಂಡೋಸನ್ನೇ ಹೊಸದಾಗಿ ಹಾಕಿಸುವುದು ಲೇಸು. ಸೊರಗುರೋಗದ ಗಿಡಕ್ಕೆ ಔಷಧಿ ಹೊಡೆಯುತ್ತಾ ಕೂರುವವರಿಲ್ಲ.

ಯಂತ್ರ ಶುದ್ಧವಾದ ಮೇಲೆ ಕಡತಗಳ ಸರದಿ. ಪೆನ್‌ಡ್ರೈವನ್ನು ಚುಚ್ಚಿ, ತೆರೆಯದೆ, ಅದರ ಹೆಸರಿನ ಮೇಲೆ ಮೌಸಿನ ಬಲಗುಂಡಿ ಒತ್ತಿ ಡಿಫೆಂಡರಿನಿಂದ ತಪಾಸಣೆ ಮಾಡಿಸಬೇಕು. ನಂತರ ‘ವ್ಯೂ’ನಲ್ಲಿ ‘ಹಿಡನ್ ಐಟಮ್ಸ್’ ಗುರುತು ಹಾಕಿ, ‘ಫೋಲ್ಡರ್ ಆಪ್ಷನ್ಸ್’ನಲ್ಲಿ ‘ಹೈಡ್ ಪ್ರೊಟೆಕ್ಟೆಡ್ ಆಪರೇಟಿಂಗ್ ಸಿಸ್ಟಮ್ ಫೈಲ್ಸ್’ ಎಂಬುದರ ಗುರುತನ್ನು ತೆಗೆಯಬೇಕು. ಬಹುತೇಕರು ಎಡವುವುದು ಈ ಎರಡನೆಯದರಲ್ಲಿ. ಹುಳು ಫೋಲ್ಡರುಗಳಿಗೆ ವಿಂಡೋಸಿನ ಸ್ವಂತ ಕಡತಗಳ ಮುದ್ರೆ ಒತ್ತಿರುವುದರಿಂದ ಮೊದಲನೆಯದೊಂದರಿಂದ ಅವು ಕಾಣಿಸುವುದಿಲ್ಲ. ಈಗ ನಿಜವಾದ ಫೋಲ್ಡರುಗಳು ಮಸುಕಾಗಿ ಕಾಣುತ್ತವೆ. ಅವುಗಳೊಳಗಿನ ಪಹಣಿ, ಫೋಟೋ, ಲೆಕ್ಕದ ಹಾಳೆ ಮುಂತಾದವನ್ನು ಮಾತ್ರ ಯಂತ್ರಕ್ಕೆ ನಕಲು ಮಾಡಿಕೊಂಡು, ಪ್ರತಿಯೊಂದೂ ತೆರೆಯುತ್ತದೆಯೇ ಎಂದು ನೋಡಿ, ಆಮೇಲೆ ಪೆನ್‌ಡ್ರೈವನ್ನು ಫಾರ್ಮ್ಯಾಟ್ ಮಾಡಬಹುದು. ತೆಗೆದ ಗುರುತನ್ನು ಮರಳಿ ಹಾಕುವುದನ್ನು ಮರೆಯಬಾರದು.

ಸೋಂಕಿದ್ದ ಅವಧಿಯಲ್ಲಿ ಆ ಯಂತ್ರದಿಂದ ಬ್ಯಾಂಕ್ ವ್ಯವಹಾರ ನಡೆದಿದ್ದರೆ, ಗುಪ್ತಪದವನ್ನು ಬೇರೆ ಯಂತ್ರ ಅಥವಾ ಫೋನಿನಿಂದ ಬದಲಿಸಬೇಕು. ಹಣ ಹೋಗಿದ್ದಲ್ಲಿ ತಡಮಾಡದೆ 1930ಕ್ಕೆ ಕರೆ ಮಾಡಿ, ಬ್ಯಾಂಕಿಗೂ ತಿಳಿಸಬೇಕು.

ಮುಂಜಾಗ್ರತೆ

ಪೇಟೆಗೆ ಒಯ್ಯುವ ಪೆನ್‌ಡ್ರೈವಿನಲ್ಲಿ ಆ ದಿನಕ್ಕೆ ಬೇಕಾದ ಕಾಗದಗಳ ಪ್ರತಿ ಮಾತ್ರ ಇರಲಿ. ಮೂಲ ಮನೆಯಲ್ಲೇ ಉಳಿಯಲಿ. ಕದ್ದ ತಂತ್ರಾಂಶಗಳನ್ನು ಹಾಕುವಾಗ ‘ಆಂಟಿವೈರಸ್ ಆಫ್ ಮಾಡಿ’ ಎಂಬ ಸೂಚನೆ ಇರುವುದೇ ಅವುಗಳ ಗುಣಕ್ಕೆ ಸಾಕ್ಷಿ. ವಿಂಡೋಸ್ 10ಕ್ಕೆ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ರಂದು ಮುಗಿದಿರುವುದರಿಂದ, ಯಂತ್ರ ತಾಳುವಂತಿದ್ದರೆ 11ಕ್ಕೆ ಬದಲಾಯಿಸಿಕೊಳ್ಳಬೇಕು.

ಹೋಬಳಿಯಿಂದ ಹೋಬಳಿಗೆ ತರಬೇತಿಯ ಸ್ಲೈಡುಗಳನ್ನು ಹೊತ್ತು ತಿರುಗುವ ವಿಸ್ತರಣಾ ಕಾರ್ಯಕರ್ತರ ಪೆನ್‌ಡ್ರೈವ್ ಒಂದೇ ವಾರದಲ್ಲಿ ಹತ್ತಾರು ಯಂತ್ರಗಳನ್ನು ಕಾಣುತ್ತದೆ. ಅವರು ಸ್ಲೈಡುಗಳನ್ನು ಇ-ಮೇಲಿನಲ್ಲಿ ಕಳುಹಿಸುವುದು, ಇಲ್ಲವೇ ಬರವಣಿಗೆ ತಡೆಯುವ ಪುಟ್ಟ ಜಾರುಗುಂಡಿಯಿರುವ ಎಸ್‌ಡಿ ಕಾರ್ಡಿನಲ್ಲಿ ಒಯ್ದು, ಹೊರಡುವ ಮುನ್ನ ಗುಂಡಿಯನ್ನು ‘ಲಾಕ್’ ಕಡೆಗೆ ಸರಿಸಿಕೊಳ್ಳುವುದು ಉತ್ತಮ.